ಹಕ್ಕಲು ಆಯ್ದ ಕ್ಯಾಮೆರಾ

ಚಳ್ಳಕೆರೆ ಕಡೆಯ ನಮ್ಮೂರಲ್ಲಿ ಶೇಂಗಾ ಕಿತ್ತು ಮುಗಿದ ಮೇಲೂ ಹೊಲ ಪೂರ್ತಿ ಖಾಲಿಯಾಗುವುದಿಲ್ಲ. ಗಿಡ ಕೀಳುವಾಗ ಒಂದಷ್ಟು ಕಾಯಿ ತೊಟ್ಟು ಹರಿದು ಮಣ್ಣಲ್ಲೇ ಉಳಿಯುತ್ತವೆ. ಹೊಲದವರು ಬಳ್ಳಿಯನ್ನೆಲ್ಲ ಹೇರಿಕೊಂಡು ಹೋದ ಮಾರನೇ ದಿನ ನಮ್ಮಜ್ಜಿ ಹಳೇ ಸೀರೆಯ ತುಂಡೊಂದನ್ನು ಜೋಳಿಗೆ ಮಾಡಿ ಸೊಂಟಕ್ಕೆ ಕಟ್ಟಿಕೊಂಡು, ಕೈಯಲ್ಲೊಂದು ಕುರ್ಪಿ ಹಿಡಿದು ಹೊರಡುತ್ತಿದ್ದಳು. ನಾನೂ ಹಿಂದೆ ಹೋಗುತ್ತಿದ್ದೆ. ಬಗ್ಗಿದರೆ ಮಧ್ಯಾಹ್ನದವರೆಗೂ ಬಗ್ಗಿಯೇ ಇರುತ್ತಿದ್ದಳು. ಸಂಜೆಗೆ ಒಂದೆರಡು ಸೇರು ಕಾಯಿ ಸಿಗುತ್ತಿತ್ತು. ಹೊಲದವರು ಏನೂ ಅನ್ನುತ್ತಿರಲಿಲ್ಲ. ಕಿತ್ತು ಮುಗಿದ ಹೊಲದ ಹಕ್ಕಲು ಆಯ್ದವರಿಗೆ ಸೇರಿದ್ದು ಅಂತ ಯಾರೂ ಬರೆದಿಟ್ಟಿರಲಿಲ್ಲ, ಆದರೆ ಎಲ್ಲರಿಗೂ ಗೊತ್ತಿತ್ತು.

ಹಕ್ಕಲು ಅನ್ನುವ ಮಾತನ್ನು ನಾನು ಬೆಂಗಳೂರಿಗೆ ಬಂದು ಹತ್ತು ಹನ್ನೆರಡು ವರ್ಷದಲ್ಲಿ ಮರೆತೇಬಿಟ್ಟಿದ್ದೆ. ಅದು ಮತ್ತೆ ಬಾಯಿಗೆ ಬಂದದ್ದು ಒಂದು ಫ್ರೆಂಚ್ ಸಿನಿಮಾ ನೋಡುವಾಗ. 2000ದಲ್ಲಿ ಬಂದ ಸಾಕ್ಷ್ಯಚಿತ್ರ ಅದು, 'ಲೆ ಗ್ಲಾನರ್ ಎ ಲಾ ಗ್ಲಾನೂಸ್'. ಕನ್ನಡದಲ್ಲಿ ಹೇಳುವುದಾದರೆ 'ಹಕ್ಕಲು ಆಯುವವರು ಮತ್ತು ಹಕ್ಕಲು ಆಯುವವಳು'. ಮಾಡಿದವರು ಆನ್ಯೆಸ್ ವಾರ್ದಾ. ಆಗ ಅವರಿಗೆ ಎಪ್ಪತ್ತು ದಾಟಿತ್ತು. ಸಿನಿಮಾ ಶುರುವಾಗುವುದೇ ಒಂದು ದಪ್ಪ ನಿಘಂಟಿನಿಂದ. ಪಕ್ಕದಲ್ಲಿ ಒಂದು ಬೆಕ್ಕು. ನಿಘಂಟಿನ ಪುಟದಲ್ಲಿ ಆ ಪದದ ಅರ್ಥ, ಜೊತೆಗೆ ಫ್ರೆಂಚ್ ಚಿತ್ರಕಾರ ಮಿಲೆ 1857ರಲ್ಲಿ ಬರೆದ ಚಿತ್ರ: ಗೋಧಿ ಕೊಯ್ದ ಹೊಲದಲ್ಲಿ ಬಗ್ಗಿ ತೆನೆ ಆಯುತ್ತಿರುವ ಮೂವರು ಹೆಂಗಸರು. ಆ ಬಗ್ಗಿದ ಬೆನ್ನು ನೋಡಿದ ತಕ್ಷಣ ನಾನು ಲ್ಯಾಪ್‌ಟಾಪ್ ನಿಲ್ಲಿಸಿ ಸ್ವಲ್ಪ ಹೊತ್ತು ಸುಮ್ನೆ ಕೂತಿದ್ದೆ. ಅದು ನಮ್ಮಜ್ಜಿಯ ಬೆನ್ನು.

ಅವತ್ತಿನಿಂದ ವಾರ್ದಾ ಅವರ ಸಿನಿಮಾಗಳನ್ನು ಸಿಕ್ಕಷ್ಟು ಹುಡುಕಿ ನೋಡಿದ್ದೇನೆ. ಅವರ ಬಗ್ಗೆ ಬರೆಯಬೇಕು ಅಂತ ಎಷ್ಟೋ ದಿನದಿಂದ ಇತ್ತು. ನನಗೆ ಕಂಡದ್ದನ್ನು ಹೇಳಿಬಿಡುತ್ತೇನೆ: ಅವರು ಬೆಳೆ ಕೊಯ್ಯುವವರ ಸಾಲಿನಲ್ಲಿ ನಿಲ್ಲಲು ಯಾವತ್ತೂ ಕಾಯಲಿಲ್ಲ. ಕೊಯ್ದವರು ಬಿಟ್ಟುಹೋದದ್ದರ ಹತ್ತಿರ ಹೋದರು, ಬಗ್ಗಿದರು, ಆಯ್ದುಕೊಂಡರು. ಅರವತ್ತಕ್ಕೂ ಹೆಚ್ಚು ವರ್ಷ ಹೀಗೇ ಸಿನಿಮಾ ಮಾಡಿದರು.

ಅವರು ಹುಟ್ಟಿದ್ದು 1928ರಲ್ಲಿ, ಬೆಲ್ಜಿಯಂನಲ್ಲಿ. ಅಪ್ಪ ಗ್ರೀಕ್ ಮೂಲದವರು, ಅಮ್ಮ ಫ್ರೆಂಚ್. 1940ರಲ್ಲಿ ಯುದ್ಧ ಬಂದಾಗ ಮನೆಯವರೆಲ್ಲ ಊರು ಬಿಟ್ಟು ದಕ್ಷಿಣ ಫ್ರಾನ್ಸಿನ ಸೆತ್ ಅನ್ನುವ ಬಂದರು ಊರಿಗೆ ಹೋದರು. ಅಲ್ಲಿ ದೋಣಿಯೊಂದರಲ್ಲೇ ವಾಸ. ಆಮೇಲೆ ಪ್ಯಾರಿಸ್, ಓದು, ಫೋಟೊಗ್ರಫಿ. ಜಾನ್ ವಿಲಾರ್ ಅವರ ನಾಟಕ ತಂಡಕ್ಕೆ ಫೋಟೊ ತೆಗೆಯುವ ಕೆಲಸ. ಸಿನಿಮಾ ಶಾಲೆಗೆ ಹೋಗಲಿಲ್ಲ, ಯಾರ ಕೈಕೆಳಗೂ ಸಹಾಯಕಿಯಾಗಿ ದುಡಿಯಲಿಲ್ಲ. ಆಗ ನೋಡಿದ್ದ ಸಿನಿಮಾಗಳೇ ಬಹಳ ಕಡಿಮೆ ಅಂತ ಅವರೇ ಹೇಳಿಕೊಂಡಿದ್ದಾರೆ. ಹೀಗಿದ್ದವರು 1954ರಲ್ಲಿ, 26ನೇ ವಯಸ್ಸಿಗೆ, ತಾನು ಬೆಳೆದ ಸೆತ್ ಊರಿಗೆ ಕ್ಯಾಮೆರಾ ತೆಗೆದುಕೊಂಡು ಹೋದರು. ಅಲ್ಲಿನ ಮೀನುಗಾರರ ಕೇರಿಯ ಹೆಸರು ಲಾ ಪ್ವಾಂತ್ ಕೂರ್ತ್. ಸಿನಿಮಾಕ್ಕೂ ಅದೇ ಹೆಸರು.

ದುಡ್ಡು ಎಲ್ಲಿಂದ? ಅವತ್ತಿನ ಒಂದು ಸಾಧಾರಣ ಫ್ರೆಂಚ್ ಸಿನಿಮಾಕ್ಕೆ ಆಗುತ್ತಿದ್ದ ಖರ್ಚಿನ ಸಣ್ಣ ಭಾಗವಷ್ಟೇ ಅವರ ಹತ್ತಿರ ಇದ್ದದ್ದು. ಹಾಗಾಗಿ ಒಂದು ಸಹಕಾರ ಸಂಘದ ಥರ ಮಾಡಿಕೊಂಡರು. ಕೆಲಸ ಮಾಡುವವರಿಗೆ ಸಂಬಳ ಇಲ್ಲ, ಪಾಲು ಉಂಟು. ನಟರಾದ ಸಿಲ್ವಿಯಾ ಮೊಂಫೋರ್, ಫಿಲಿಪ್ ನ್ವಾರೆ ಇಬ್ಬರೂ ಹೀಗೇ ಬಂದವರು. ನ್ವಾರೆ ಮುಂದೆ ಫ್ರಾನ್ಸಿನ ದೊಡ್ಡ ನಟರಾದರು. ಮೀನುಗಾರರ ಪಾತ್ರಕ್ಕೆ ಮೀನುಗಾರರೇ. ಸಿನಿಮಾ ಎರಡು ಎಳೆಗಳಲ್ಲಿ ನಡೆಯುತ್ತದೆ. ಒಂದು ಕಡೆ ಆ ಕೇರಿಯ ದಿನದ ಬದುಕು, ಆರೋಗ್ಯ ಇಲಾಖೆಯವರ ತಪಾಸಣೆಯ ಭಯ. ಇನ್ನೊಂದು ಕಡೆ ಪ್ಯಾರಿಸಿನಿಂದ ಬಂದ ಗಂಡ ಹೆಂಡತಿ, ನಮ್ಮ ಮದುವೆ ಉಳಿಯುತ್ತದಾ ಅಂತ ಮಾತಾಡುತ್ತಾ ನಡೆಯುತ್ತಿರುತ್ತಾರೆ. ಎರಡೂ ಎಳೆ ಎಲ್ಲೂ ಗಂಟು ಬೀಳುವುದಿಲ್ಲ. ಫಾಕ್ನರ್ ಅವರ ಒಂದು ಕಾದಂಬರಿಯ ಕಟ್ಟು ನೋಡಿ ವಾರ್ದಾ ಇದನ್ನು ಹೀಗೆ ಮಾಡಿದ್ದಂತೆ. ಎಡಿಟಿಂಗ್ ಮಾಡಿದ್ದು ಅಲಾಂ ರೆನೆ. ತಾನು ಮಾಡಬೇಕೆಂದಿದ್ದ ರೀತಿಗೆ ಇದು ತುಂಬಾ ಹತ್ತಿರ ಇದೆ ಅಂತ ಅವರು ಮೊದಲು ಹಿಂದೆಮುಂದೆ ನೋಡಿದ್ದರಂತೆ.

ಇದಾದ ಮೇಲೆ ಫ್ರಾನ್ಸಿನ ಹೊಸ ಅಲೆ ಬಂತು. ತ್ರುಫೋ ಅವರ ಮೊದಲ ದೊಡ್ಡ ಸಿನಿಮಾ 1959ರದ್ದು, ಗೊದಾರ್ ಅವರದ್ದು 1960ರದ್ದು. ಸ್ಟುಡಿಯೊ ಬಿಟ್ಟು ಬೀದಿಗೆ ಬಂದು, ಕಡಿಮೆ ದುಡ್ಡಲ್ಲಿ, ನಿಜವಾದ ಜಾಗಗಳಲ್ಲಿ ಸಿನಿಮಾ ಮಾಡುವುದನ್ನು ವಾರ್ದಾ ಈ ಇಬ್ಬರಿಗಿಂತ ಐದು ವರ್ಷ ಮೊದಲೇ ಮಾಡಿ ಮುಗಿಸಿದ್ದರು. ಆದರೆ ಸರಿಯಾದ ಪರವಾನಗಿ ಪಡೆದು ಮಾಡಿದ ಸಿನಿಮಾ ಅಲ್ಲ ಅನ್ನುವ ಕಾರಣಕ್ಕೆ ಅದಕ್ಕೆ ಸರಿಯಾದ ಬಿಡುಗಡೆಯೇ ಸಿಗಲಿಲ್ಲ. ಪ್ಯಾರಿಸಿನ ಒಂದು ಚಿಕ್ಕ ಚಿತ್ರಮಂದಿರದಲ್ಲಿ ಓಡಿತು, ಅಷ್ಟೆ. ಇನ್ನೂ ಮೂವತ್ತರ ಆಸುಪಾಸಿನಲ್ಲಿದ್ದಾಗಲೇ ಅವರನ್ನು 'ಹೊಸ ಅಲೆಯ ಅಜ್ಜಿ' ಅಂತ ಕರೆಯಲು ಶುರು ಮಾಡಿದರು. ಪ್ರೀತಿಯಿಂದಲೇ ಕರೆದಿರಬಹುದು. ನನಗೆ ಮಾತ್ರ ಆ ಹೆಸರು ಕೇಳಿದರೆ ಬೇಜಾರಾಗುತ್ತದೆ. ಮನೆಯ ಗಂಡುಮಕ್ಕಳು ಸಾಧನೆ ಮಾಡಿದ ಮೇಲೆ ಅಜ್ಜಿಯನ್ನು ಫೋಟೊದಲ್ಲಿ ಮಧ್ಯೆ ಕೂರಿಸಿದ ಹಾಗೆ. ಅವರು ದಾರಿ ಮಾಡಿದವರು, ಅಲ್ವಾ? ಹಾಗಂತಲೇ ಕರೆಯಬಹುದಿತ್ತು.

ನಾನು ಇಷ್ಟೆಲ್ಲ ದುಡ್ಡಿನ ವಿಷಯ ಹೇಳುತ್ತಿರುವುದಕ್ಕೆ ನನ್ನದೇ ಕಾರಣ ಇದೆ. ನಮ್ಮೂರ ಕಡೆಯ ಎಣ್ಣೆ ಗಾಣಗಳ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡಬೇಕು ಅಂತ ನಾನು ಎರಡು ವರ್ಷ ಒಂದು ಆಫೀಸಿನ ಸೋಫಾ ಮೇಲೆ ಕೂತು ಬಂದಿದ್ದೇನೆ. ಚಳ್ಳಕೆರೆಯ ಎಣ್ಣೆ ಮಿಲ್ಲುಗಳು ಒಂದು ಕಾಲಕ್ಕೆ ದೇಶಕ್ಕೇ ಹೆಸರಾಗಿದ್ದವು. ಒಂದೊಂದಾಗಿ ಬಾಗಿಲು ಹಾಕುವುದನ್ನು ನಾವು ಕಣ್ಣಾರೆ ಕಂಡವರು. ಆಫೀಸಿನವರು ಕಥೆ ಚೆನ್ನಾಗಿದೆ ಅಂದರು. ಬಜೆಟ್ ಬರೆದುಕೊಂಡು ಬನ್ನಿ ಅಂದರು. ಬರೆದುಕೊಂಡು ಹೋದೆ. ಮುಂದಿನ ವಾರ ಅಂದರು. ಅಷ್ಟರಲ್ಲಿ ನಾನು ಮಾತಾಡಿಸಬೇಕು ಅಂದುಕೊಂಡಿದ್ದ ಹಿರಿಯರೊಬ್ಬರು, ನಲವತ್ತು ವರ್ಷ ಮಿಲ್ಲಿನಲ್ಲಿ ದುಡಿದವರು, ತೀರಿಕೊಂಡರು. ಅವರ ಮಾತು ಯಾವ ಕ್ಯಾಮೆರಾದಲ್ಲೂ ಇಲ್ಲ. ವಾರ್ದಾ ಅವರ ಕೆಲಸದ ರೀತಿ ನನಗೆ ಯಾಕೆ ಅಷ್ಟು ಆಳಕ್ಕೆ ಇಳಿಯಿತು ಅಂದರೆ ಇದಕ್ಕೇ.

ಒಂದು ಉದಾಹರಣೆ ಹೇಳುತ್ತೇನೆ, ನನಗೆ ಇದು ತುಂಬಾ ಇಷ್ಟ. 1970ರ ದಶಕದ ನಡುವೆ ಅವರ ಮಗ ಮಾತ್ಯೂ ಇನ್ನೂ ಚಿಕ್ಕ ಮಗು. ಮನೆ ಬಿಟ್ಟು ದೂರ ಹೋಗಿ ಚಿತ್ರೀಕರಣ ಮಾಡುವ ಹಾಗಿಲ್ಲ. ಅವರ ಮನೆ ಇದ್ದದ್ದು ಪ್ಯಾರಿಸಿನ ದಾಗೆರ್ ಬೀದಿಯಲ್ಲಿ, 1951ರಿಂದ ಕೊನೆಯವರೆಗೂ ಅಲ್ಲೇ ಇದ್ದರು. ಅವರು ಏನು ಮಾಡಿದರು ಗೊತ್ತಾ? ಮನೆಯ ಮೀಟರಿನಿಂದಲೇ ಕರೆಂಟಿನ ಒಂದು ಉದ್ದ ತಂತಿ ಎಳೆದರು. ಆ ತಂತಿ ಎಷ್ಟು ದೂರ ಹೋಗುತ್ತದೋ ಅಷ್ಟೇ ನನ್ನ ಸಿನಿಮಾ ಅಂದುಕೊಂಡರು. ತಂತಿ ಮುಟ್ಟುವಷ್ಟು ದೂರದಲ್ಲಿ ಬೇಕರಿ, ಮಾಂಸದಂಗಡಿ, ಟೈಲರು, ಗಡಿಯಾರ ರಿಪೇರಿಯವರು, ಸುಗಂಧದೆಣ್ಣೆ ಮಾರುವ ಒಬ್ಬ ವಯಸ್ಸಾದ ಗಂಡ ಹೆಂಡತಿ. ಅಷ್ಟೇ ಜನರನ್ನಿಟ್ಟುಕೊಂಡು 'ದಾಗೆರೆಯೊಟೀಪ್' ಅನ್ನುವ ಸಿನಿಮಾ ಆಯಿತು. ಅಂಗಡಿಗೆ ಗಿರಾಕಿ ಬರುತ್ತಾರೆ, ಬ್ರೆಡ್ ಕೊಳ್ಳುತ್ತಾರೆ, ಚಿಲ್ಲರೆ ಎಣಿಸುತ್ತಾರೆ, ಹೋಗುತ್ತಾರೆ. ಆ ಸುಗಂಧದಂಗಡಿಯ ಅಜ್ಜಿಗೆ ಮರೆವು. ಸಂಜೆಯಾದರೆ ಹೊರಗೆ ಹೋಗಬೇಕು ಅನಿಸುತ್ತದೆ, ಬಾಗಿಲವರೆಗೆ ಬರುತ್ತಾರೆ, ಹೋಗುವುದಿಲ್ಲ. ಕ್ಯಾಮೆರಾ ಅವರ ಹತ್ತಿರ ಅವಸರವಿಲ್ಲದೆ ನಿಂತಿರುತ್ತದೆ.

ಆ ತಂತಿಯನ್ನು ವಾರ್ದಾ ಹೊಕ್ಕುಳಬಳ್ಳಿಗೆ ಹೋಲಿಸಿ ಮಾತಾಡಿದ್ದಾರೆ. ತಾಯಿಯಾದವಳಿಗೆ ಮನೆ ಬಿಟ್ಟು ಹೋಗಲು ಆಗುವುದಿಲ್ಲ ಅನ್ನುವುದು ಕಷ್ಟವೇ, ಅವರು ಅದನ್ನು ಮುಚ್ಚಿಡಲೂ ಇಲ್ಲ. ಆ ಕಷ್ಟವನ್ನೇ ಸಿನಿಮಾದ ಅಳತೆ ಮಾಡಿಕೊಂಡರು. ಮೊದಲ ಮಗಳು ರೊಸಾಲಿ ಹೊಟ್ಟೆಯಲ್ಲಿದ್ದಾಗಲೂ ಹಾಗೇ. 1958ರ 'ಲೊಪೆರಾ ಮೂಫ್' ಅನ್ನುವ ಕಿರುಚಿತ್ರ ತುಂಬು ಗರ್ಭಿಣಿಯ ಕಣ್ಣಲ್ಲಿ ಕಂಡ ಒಂದು ಸಂತೆ ಬೀದಿ. ಬಸುರಿ ಹೊಟ್ಟೆ, ಪಕ್ಕದಲ್ಲಿ ಕತ್ತರಿಸಿದ ಕುಂಬಳಕಾಯಿ. ಬೀದಿಯ ಮುದುಕರು, ಕುಡುಕರು. ಇವರೆಲ್ಲ ಒಂದು ಕಾಲಕ್ಕೆ ಯಾರದ್ದೋ ಮಡಿಲ ಕೂಸಾಗಿದ್ದವರೇ ತಾನೆ ಅನ್ನುವ ಯೋಚನೆ ಆ ಚಿತ್ರದ ತುಂಬ ಇದೆ.

'ಕ್ಲಿಯೊ 5ರಿಂದ 7' ಬಗ್ಗೆ ಎಲ್ಲರೂ ಬರೆದಿದ್ದಾರೆ, ಅದು ಅವರ ಅತಿ ಹೆಸರಾದ ಸಿನಿಮಾ, 1962ರದ್ದು. ನಾನು ಜಾಸ್ತಿ ಹೇಳುವುದಿಲ್ಲ. ನಿರ್ಮಾಪಕರು ಕಪ್ಪು-ಬಿಳುಪಿನಲ್ಲಿ, ಕಡಿಮೆ ಖರ್ಚಿನಲ್ಲಿ ಒಂದು ಮಾಡಿಕೊಡಿ ಅಂದಿದ್ದರು. ಹಾಗಾದರೆ ಒಂದೇ ಊರು, ಒಂದೇ ದಿನ, ಸೆಟ್ ಇಲ್ಲ, ಅಂತ ಅಲ್ಲಿಂದಲೇ ಕಥೆ ಹುಟ್ಟಿಸಿಕೊಂಡರು. ಕ್ಯಾನ್ಸರ್ ಇದೆಯಾ ಇಲ್ಲವಾ ಅನ್ನುವ ರಿಪೋರ್ಟಿಗೆ ಕಾಯುವ ಹಾಡುಗಾತಿಯ ಸುಮಾರು ಒಂದೂವರೆ ಗಂಟೆ, ಸಿನಿಮಾದ ಉದ್ದವೂ ಅಷ್ಟೇ. ಮೊದಲರ್ಧದಲ್ಲಿ ಎಲ್ಲರೂ ಅವಳನ್ನು ನೋಡುತ್ತಿರುತ್ತಾರೆ. ಅವಳೂ ಕನ್ನಡಿ ಕಂಡಲ್ಲೆಲ್ಲ ತನ್ನನ್ನೇ ನೋಡಿಕೊಳ್ಳುತ್ತಾಳೆ. ನಡುವೆ ಒಂದು ಕಡೆ ತಲೆಯ ಚೌರಿ ಕಿತ್ತೆಸೆದು ಒಬ್ಬಳೇ ಬೀದಿಗಿಳಿಯುತ್ತಾಳೆ, ಅಲ್ಲಿಂದ ಅವಳು ಲೋಕವನ್ನು ನೋಡಲು ಶುರು ಮಾಡುತ್ತಾಳೆ. ಆ ತಿರುವು ಗಮನಿಸಿ ನೋಡಿ, ಸಾಕು.

ನನ್ನನ್ನು ಅಲ್ಲಾಡಿಸಿದ್ದು 1985ರ 'ಸಾಂ ತ್ವಾ ನಿ ಲ್ವಾ'. ಸೂರಿಲ್ಲ, ಕಟ್ಟಳೆಯಿಲ್ಲ ಅನ್ನುವ ಅರ್ಥ. ಚಳಿಗಾಲದ ಒಂದು ಬೆಳಿಗ್ಗೆ ದ್ರಾಕ್ಷಿ ತೋಟದ ಪಕ್ಕದ ಚರಂಡಿಯಲ್ಲಿ ಒಬ್ಬ ಹುಡುಗಿಯ ಹೆಣ ಸಿಗುತ್ತದೆ. ಚಳಿಗೆ ಸೆಟೆದು ಸತ್ತಿದ್ದಾಳೆ. ಅವಳ ಹೆಸರು ಮೊನಾ. ಅಲ್ಲಿಂದ ಸಿನಿಮಾ ಹಿಂದಕ್ಕೆ ಹೋಗಿ, ಅವಳನ್ನು ಕೊನೆಯ ವಾರಗಳಲ್ಲಿ ಕಂಡವರ ಮಾತುಗಳನ್ನು ಒಂದೊಂದಾಗಿ ಆಯುತ್ತದೆ. ಲಿಫ್ಟ್ ಕೊಟ್ಟ ಲಾರಿಯವನು, ಕೆಲಸ ಕೊಟ್ಟವನು, ಮರಗಳ ರೋಗದ ಬಗ್ಗೆ ಓದಿದ ಒಬ್ಬ ಮೇಡಂ, ಆಡು ಸಾಕುವ ಗಂಡ ಹೆಂಡತಿ, ದ್ರಾಕ್ಷಿ ಬಳ್ಳಿ ಸವರುವ ಕೂಲಿಯವನು. ಒಬ್ಬೊಬ್ಬರಿಗೂ ಮೊನಾ ಒಂದೊಂದು ಥರ ಕಂಡಿದ್ದಾಳೆ. ಒಬ್ಬ ಹುಡುಗಿಗೆ ಅವಳ ಸ್ವಾತಂತ್ರ್ಯದ ಮೇಲೆ ಆಸೆ. ಇನ್ನೊಬ್ಬರಿಗೆ ಅವಳ ನಾತ ನೆನಪು. ಯಾರಿಗೂ ಅವಳು ಪೂರ್ತಿ ಗೊತ್ತಿಲ್ಲ. ವಾರ್ದಾ ಕೂಡ ಗೊತ್ತಿದೆ ಅಂತ ನಟಿಸುವುದಿಲ್ಲ.

ಮೊನಾ ಆಗಿ ನಟಿಸಿದ ಸಾಂದ್ರಿನ್ ಬೊನೇರ್ ಆಗ ಹದಿಹರೆಯದ ಹುಡುಗಿ. ಸುತ್ತಲಿನ ಎಷ್ಟೋ ಜನ ಆ ಊರುಗಳವರೇ. ಮೊನಾ ಒಳ್ಳೆಯವಳಲ್ಲ, ಕೆಟ್ಟವಳೂ ಅಲ್ಲ. ಅವಳಿಗೆ ಒಂದು ತುಂಡು ಜಮೀನು, ಉಳಿಯಲು ಜಾಗ ಕೊಟ್ಟರೂ ಆಲೂಗಡ್ಡೆ ಬೆಳೆಯುತ್ತೇನೆ ಅಂದವಳು ಮಲಗೇ ಇರುತ್ತಾಳೆ. ಥ್ಯಾಂಕ್ಸ್ ಅಂತ ಯಾರಿಗೂ ಹೇಳುವುದಿಲ್ಲ. ನಮ್ಮಲ್ಲಿ ಬಡವರ ಬಗ್ಗೆ ಸಿನಿಮಾ ಮಾಡಿದರೆ ಅವರು ಮೊದಲು ಒಳ್ಳೆಯವರಾಗಬೇಕು, ಆಮೇಲೆ ನಾವು ಅಳುತ್ತೇವೆ. ವಾರ್ದಾ ಆ ಷರತ್ತು ಹಾಕುವುದಿಲ್ಲ. ಚೆನ್ನಾಗಿ ನಡೆದುಕೊಳ್ಳದ ಹುಡುಗಿಯೂ ಚಳಿಯಲ್ಲಿ ಸಾಯಬಾರದು. ಸಿನಿಮಾ ಇಷ್ಟನ್ನು ಬಾಯಿಬಿಟ್ಟು ಹೇಳುವುದೂ ಇಲ್ಲ, ಆದರೆ ಮುಗಿದಾಗ ನಮ್ಮೊಳಗೆ ಇದೊಂದೇ ಉಳಿದಿರುತ್ತದೆ.

ಅದರಲ್ಲಿ ಹನ್ನೆರಡು-ಹದಿಮೂರು ಉದ್ದನೆಯ ಟ್ರ್ಯಾಕಿಂಗ್ ಶಾಟ್‌ಗಳಿವೆ. ಮೊನಾ ನಡೆಯುತ್ತಾಳೆ, ಕ್ಯಾಮೆರಾ ಅವಳ ಜೊತೆ ಪಕ್ಕದಲ್ಲೇ ಹಳಿಯ ಮೇಲೆ ಹೋಗುತ್ತದೆ. ಯಾವಾಗಲೂ ಬಲದಿಂದ ಎಡಕ್ಕೆ. ನಾವು ಓದುವುದು ಎಡದಿಂದ ಬಲಕ್ಕೆ, ಫ್ರೆಂಚರೂ ಹಾಗೇ. ಹಾಗಾಗಿ ಅವಳು ಯಾವಾಗಲೂ ಗಾಳಿಗೆ ಎದುರು ಹೋಗುತ್ತಿರುವ ಹಾಗೆ ಕಾಣುತ್ತದೆ. ಕೆಲವು ಸಲ ಕ್ಯಾಮೆರಾ ಅವಳನ್ನು ಬಿಟ್ಟು ಮುಂದೆ ಹೋಗಿ ಒಂದು ನೇಗಿಲಿನ ಮೇಲೋ, ಗೋಡೆಯ ಮೇಲೋ ನಿಲ್ಲುತ್ತದೆ. ಹತ್ತು ನಿಮಿಷ ಆದ ಮೇಲೆ ಬರುವ ಮುಂದಿನ ಅಂಥ ಶಾಟ್ ಅದೇ ಥರದ ಇನ್ನೊಂದು ವಸ್ತುವಿನಿಂದ ಶುರುವಾಗುತ್ತದೆ. ಮೊದಲ ಸಲ ನೋಡುವಾಗ ಇದು ಯಾರಿಗೂ ಗೊತ್ತಾಗುವುದಿಲ್ಲ, ನನಗೂ ಗೊತ್ತಾಗಲಿಲ್ಲ. ಆಮೇಲೆ ಅವರ ಕೊನೆಯ ಸಿನಿಮಾದಲ್ಲಿ ಅವರೇ ಹಳಿಯ ಟ್ರಾಲಿ ಮೇಲೆ ಕೂತು ಇದನ್ನು ವಿವರಿಸಿದಾಗ ತಿರುಗಿ ಹೋಗಿ ನೋಡಿದೆ. ಮನೆಯಿಲ್ಲದವಳ ಬದುಕಿಗೆ ಒಳಗೊಳಗೇ ಒಂದು ದಾರ ಪೋಣಿಸಿಟ್ಟಿದ್ದಾರೆ.

ಇಂಥದ್ದಕ್ಕೆಲ್ಲ ಅವರು ಒಂದು ಹೆಸರಿಟ್ಟಿದ್ದರು, 'ಸಿನೆಕ್ರಿತ್ಯೂರ್'. ಸಿನಿ-ಬರಹ ಅನ್ನೋಣ. ಬರೆಯುವುದು ಅಂದರೆ ಡೈಲಾಗ್ ಬರೆಯುವುದಷ್ಟೇ ಅಂತ ಯಾಕೆ ಅಂದುಕೊಳ್ಳಬೇಕು? ಯಾವ ಊರು, ಯಾವ ಕಾಲ, ಚಳಿಯಾ ಬಿಸಿಲಾ, ಕ್ಯಾಮೆರಾ ಯಾವ ಕಡೆಗೆ ಸರಿಯಬೇಕು, ಎಲ್ಲಿ ಕತ್ತರಿ ಹಾಕಬೇಕು, ಇದೆಲ್ಲ ಬರಹವೇ ಅನ್ನುವುದು ಅವರ ಮಾತಿನ ಸಾರ. ಮೊನಾಳ ಆ ಸಿನಿಮಾಕ್ಕೆ ವೆನಿಸ್ ಚಿತ್ರೋತ್ಸವದಲ್ಲಿ ಚಿನ್ನದ ಸಿಂಹ ಪ್ರಶಸ್ತಿ ಬಂತು. ಹಾಗಂತ ಮುಂದಿನ ಸಿನಿಮಾಗಳಿಗೆ ದುಡ್ಡು ಹೊಂದಿಸುವುದು ಸುಲಭವಾಗಲಿಲ್ಲ. ಮೊದಲ ಸಿನಿಮಾಕ್ಕೆ ಕಟ್ಟಿಕೊಂಡ ಸ್ವಂತ ಕಂಪನಿಯೇ ಮುಂದೆ ಸಿನೆ-ತಾಮಾರಿಸ್ ಆಗಿತ್ತು. ಕೊನೆವರೆಗೂ ಅದರಲ್ಲೇ ಮಾಡಿದರು. ಆಫೀಸು, ಎಡಿಟಿಂಗ್ ಕೋಣೆ ಎಲ್ಲ ಅದೇ ದಾಗೆರ್ ಬೀದಿಯಲ್ಲಿ.

ಈಗ ಹಕ್ಕಲಿನ ಸಿನಿಮಾಕ್ಕೆ ವಾಪಸ್ ಬರುತ್ತೇನೆ.

ಫ್ರಾನ್ಸಿನಲ್ಲಿ ಹಕ್ಕಲು ಆಯುವುದಕ್ಕೆ ಹಳೇ ಕಾನೂನೇ ಇದೆ. 1554ರ ರಾಜಾಜ್ಞೆಯೊಂದು ಕೊಯ್ಲಾದ ಮೇಲೆ ಬಡವರು ಹೊಲಕ್ಕೆ ಹೋಗಬಹುದು ಅನ್ನುತ್ತದೆ. ಸಿನಿಮಾದಲ್ಲಿ ವಕೀಲರೊಬ್ಬರು ಕರಿ ಗೌನು ಹಾಕಿಕೊಂಡು, ತರಕಾರಿ ಹೊಲದ ಮಧ್ಯೆ ನಿಂತು, ಕೈಯಲ್ಲಿ ಕೆಂಪು ರಟ್ಟಿನ ಕಾನೂನು ಪುಸ್ತಕ ಹಿಡಿದು ಇದನ್ನು ವಿವರಿಸುತ್ತಾರೆ. ನನಗೆ ನಮ್ಮೂರ ನೆನಪಾಯಿತು, ಅಲ್ಲಿ ಬಾಯಿಮಾತಲ್ಲೇ ಇದ್ದದ್ದು ಇಲ್ಲಿ ಪುಸ್ತಕದಲ್ಲಿದೆ. ಇನ್ನೊಂದು ಕಡೆ ಆಲೂಗಡ್ಡೆ. ಅಂಗಡಿಯವರಿಗೆ ಒಂದು ಅಳತೆ ಇದೆ. ಅದಕ್ಕಿಂತ ದೊಡ್ಡದು, ಸೊಟ್ಟಗಿರುವುದು, ಹಸಿರು ತಿರುಗಿದ್ದು, ಎಲ್ಲ ವಾಪಸ್. ಲಾರಿಗಟ್ಟಲೆ ತಂದು ಹೊಲದಲ್ಲಿ ಸುರಿದು ಹೋಗುತ್ತಾರೆ. ಬೆಲೆ ಬಿದ್ದ ವರ್ಷ ಕೋಲಾರದ ಕಡೆ ರಸ್ತೆ ಪಕ್ಕ ಟೊಮೆಟೊ ಸುರಿದಿರುವುದನ್ನು ಕಂಡವರಿಗೆ ಆ ರಾಶಿ ಹೊಸದಲ್ಲ. ಸುದ್ದಿ ತಿಳಿದ ಜನ ಚೀಲ ಹಿಡಿದು ಬರುತ್ತಾರೆ. ಆ ರಾಶಿಯಲ್ಲಿ ಹೃದಯದ ಆಕಾರದ ಆಲೂಗಡ್ಡೆಗಳಿರುತ್ತವೆ. ಯಾರಿಗೂ ಬೇಡವಾದವು. ವಾರ್ದಾ ಅವನ್ನು ಆರಿಸಿ ಮನೆಗೆ ತರುತ್ತಾರೆ, ಮೊಳಕೆಯೊಡೆದು ಸುಕ್ಕಾಗುವವರೆಗೆ ಇಟ್ಟು ನೋಡುತ್ತಾರೆ. ಮೂರು ವರ್ಷದ ಮೇಲೆ, 2003ರಲ್ಲಿ, ಇದೇ ಆಲೂಗಡ್ಡೆಗಳಿಂದ ವೆನಿಸ್ ಬಿಯೆನಾಲೆ ಅನ್ನುವ ಕಲಾ ಪ್ರದರ್ಶನದಲ್ಲಿ ಒಂದು ಕಲಾಕೃತಿ ಮಾಡಿದರು. ನೆಲದ ಮೇಲೆ 700 ಕಿಲೊ ಆಲೂಗಡ್ಡೆ, ಗೋಡೆಯ ಮೇಲೆ ಮೊಳಕೆಯೊಡೆಯುತ್ತಾ ಉಸಿರಾಡುವ ಹೃದಯಗಳ ವಿಡಿಯೊ. 75ನೇ ವಯಸ್ಸಿನಲ್ಲಿ ತಾವೇ ಆಲೂಗಡ್ಡೆಯ ವೇಷ ಹಾಕಿಕೊಂಡು ಓಡಾಡಿದರು.

ಸಂತೆಯಲ್ಲಿ ಒಬ್ಬ ವ್ಯಕ್ತಿ ಸಿಗುತ್ತಾರೆ. ಅಂಗಡಿ ಎತ್ತಿದ ಮೇಲೆ ನೆಲದಲ್ಲಿ ಬಿದ್ದ ಸೊಪ್ಪು, ಸೇಬು ಆರಿಸಿ ಅಲ್ಲೇ ನಿಂತು ತಿನ್ನುತ್ತಿರುತ್ತಾರೆ. ವಾರ್ದಾ ಮಾತಾಡಿಸುತ್ತಾರೆ. ಆತ ಜೀವಶಾಸ್ತ್ರದಲ್ಲಿ ಎಂ.ಎಸ್ಸಿ. ಮಟ್ಟಕ್ಕೆ ಓದಿದವರು. ಪತ್ರಿಕೆ ಮಾರಿ ಜೀವನ. ರಾತ್ರಿ ಹೊತ್ತು ತಾನಿರುವ ಆಶ್ರಯಧಾಮದ ನೆಲಮಾಳಿಗೆಯಲ್ಲಿ ಆಫ್ರಿಕಾದಿಂದ ಬಂದ ಜನರಿಗೆ ದುಡ್ಡಿಲ್ಲದೆ ಫ್ರೆಂಚ್ ಓದು ಬರಹ ಕಲಿಸುತ್ತಾರೆ. ಬಹಳ ದಿನ ದೂರದಿಂದ ನೋಡಿ, ಆಮೇಲೆ ಮಾತಾಡಿಸಿ, ಕೊನೆಗೆ ಅವರ ಪಾಠದ ಕೋಣೆಯವರೆಗೂ ಹೋದ ಕ್ಯಾಮೆರಾ ಅದು. ಎಪ್ಪತ್ತು ದಾಟಿದ ಹೆಂಗಸೊಬ್ಬರು ಅಂಗೈಯಷ್ಟಗಲದ ಡಿಜಿಟಲ್ ಕ್ಯಾಮೆರಾ ಹಿಡಿದು ಬಂದರೆ ಬಾಗಿಲು ಬೇಗ ತೆರೆಯುತ್ತದೆ. ದೊಡ್ಡ ತಂಡ ಕಟ್ಟಿಕೊಂಡು ಹೋಗಿದ್ದರೆ ಇದು ಆಗುತ್ತಿರಲಿಲ್ಲ.

ಆದರೆ ಒಂದು ವಿಷಯ ನನ್ನನ್ನು ಬಹಳ ದಿನ ಕಾಡಿತು. ಅವರು ಒಂದು ಮ್ಯೂಸಿಯಂನಲ್ಲಿ ಹೆಗಲ ಮೇಲೆ ತೆನೆಕಟ್ಟು ಹೊತ್ತು ನಿಂತ ಹೆಂಗಸಿನ ಚಿತ್ರದ ಪಕ್ಕ ಹಾಗೇ ತಾವೂ ನಿಲ್ಲುತ್ತಾರೆ. ಆಮೇಲೆ ತೆನೆಕಟ್ಟನ್ನು ಕೆಳಗೆ ಬಿಟ್ಟು ಕ್ಯಾಮೆರಾ ಎತ್ತಿಕೊಳ್ಳುತ್ತಾರೆ. ನಾನೂ ಹಕ್ಕಲು ಆಯುವವಳೇ, ಚಿತ್ರಗಳನ್ನು ಆಯುತ್ತೇನೆ, ಅಂತ. ಹಸಿವಿಗೆ ಆಯುವುದು, ಸಿನಿಮಾಕ್ಕೆ ಆಯುವುದು, ಎರಡೂ ಒಂದೇನಾ? ನಮ್ಮಜ್ಜಿ ಖುಷಿಗೆ ಹೋಗುತ್ತಿರಲಿಲ್ಲ. ಎರಡು ಸೇರು ಕಾಯಿ ಅಂದರೆ ಅವಳಿಗೆ ಒಂದು ವಾರದ ಚಟ್ನಿಪುಡಿ. ಈ ಪ್ರಶ್ನೆ ನನಗೆ ಸಲೀಸಾಗಿ ಬಗೆಹರಿಯಲಿಲ್ಲ.

ಸ್ವಲ್ಪ ಸಮಾಧಾನ ಕೊಟ್ಟದ್ದು 2002ರಲ್ಲಿ ಅವರು ಮಾಡಿದ ಮುಂದುವರಿದ ಭಾಗ, 'ಎರಡು ವರ್ಷದ ನಂತರ'. ಮೊದಲ ಸಿನಿಮಾದ ಜನರನ್ನು ಹುಡುಕಿಕೊಂಡು ಮತ್ತೆ ಹೋಗುತ್ತಾರೆ. ಹೇಗಿದ್ದೀರಿ, ಏನಾಯಿತು ಅಂತ ಕೇಳುತ್ತಾರೆ. ಆ ಸಂತೆಯ ಮೇಷ್ಟ್ರು ಅವರ ಎದುರಿಗೇ, ಸಿನಿಮಾ ಚೆನ್ನಾಗಿತ್ತು ಆದರೆ ನೀವು ನಿಮ್ಮನ್ನೇ ತೋರಿಸಿಕೊಂಡ ಭಾಗ ಬೇಕಿರಲಿಲ್ಲ ಅನ್ನುವ ಅರ್ಥದಲ್ಲಿ ಮಾತಾಡುತ್ತಾರೆ. ವಾರ್ದಾ ಅದನ್ನು ಕತ್ತರಿಸಿ ಹಾಕಿಲ್ಲ. ತನ್ನ ಸಿನಿಮಾದೊಳಗೇ ಇಟ್ಟುಕೊಂಡಿದ್ದಾರೆ. ಬೇರೆಯವರ ಬದುಕಿನಿಂದ ಆಯ್ದುಕೊಂಡವರು ಹೀಗೆ ತಿರುಗಿ ಹೋಗಿ ಬೈಸಿಕೊಳ್ಳಲು ಸಿದ್ಧರಿರಬೇಕು ಅಂತ ನನಗೆ ಅನಿಸುತ್ತದೆ.

ಅವರು ತಮ್ಮನ್ನು ತೋರಿಸಿಕೊಂಡದ್ದು ಬೇಡವಾಗಿತ್ತಾ? ಈ ಒಂದು ವಿಷಯಕ್ಕೆ ನಾನು ಆ ಮೇಷ್ಟ್ರ ಮಾತು ಒಪ್ಪುವುದಿಲ್ಲ. ಹಕ್ಕಲಿನ ಆ ಮೊದಲ ಸಿನಿಮಾದಲ್ಲಿ ಒಂದು ಕಡೆ ಅವರು ಒಂದು ಕೈಯಲ್ಲಿ ಕ್ಯಾಮೆರಾ ಹಿಡಿದು ಇನ್ನೊಂದು ಕೈಯನ್ನು ತೀರಾ ಹತ್ತಿರದಿಂದ ಚಿತ್ರಿಸುತ್ತಾರೆ. ಸುಕ್ಕು, ಕಂದು ಚುಕ್ಕೆ, ಉಬ್ಬಿದ ನರ. ಅದಕ್ಕೂ ಹತ್ತು ವರ್ಷ ಹಿಂದೆ ಅವರ ಗಂಡ, ದೊಡ್ಡ ನಿರ್ದೇಶಕರೇ ಆದ ಜಾಕ್ ದೆಮಿ, ಸಾಯುವ ಹಾಸಿಗೆಯಲ್ಲಿದ್ದಾಗ ಅವರ ಬಾಲ್ಯದ ಕಥೆಯನ್ನು ವಾರ್ದಾ ಸಿನಿಮಾ ಮಾಡಿದ್ದರು. ನಡುನಡುವೆ ದೆಮಿಯ ಕೂದಲು, ಕಣ್ಣು, ಕೈಯ ಚರ್ಮವನ್ನು ಹೀಗೇ ಹತ್ತಿರದಿಂದ ತೋರಿಸುತ್ತಾರೆ. ಕ್ಯಾಮೆರಾ ಅವರ ಮೈಯನ್ನು ಸವರಿದ ಹಾಗೆ. ದೆಮಿ 1990ರ ಅಕ್ಟೋಬರಿನಲ್ಲಿ ಹೋದರು, ಸಿನಿಮಾ ಬಂದದ್ದು 1991ರಲ್ಲಿ. ಆ ಶಾಟ್‌ಗಳನ್ನು ನೋಡಿದ ಮೇಲೆ ಈ ಮುದಿ ಕೈ ನೋಡಿದರೆ ಬೇರೆಯೇ ಆಗುತ್ತದೆ. ಅವರ ಮೈಯೂ ಹೋಗುವ ಕಾಲಕ್ಕೆ ಹತ್ತಿರವಾಗಿದೆ, ಅದನ್ನೂ ಆಯ್ದಿಟ್ಟುಕೊಳ್ಳುತ್ತಿದ್ದಾರೆ. ಕಸದ ರಾಶಿಯಲ್ಲಿ ಸಿಕ್ಕ ಮುಳ್ಳಿಲ್ಲದ ಗಡಿಯಾರವನ್ನು ಅವರು ಮನೆಯಲ್ಲಿ ತಂದಿಟ್ಟುಕೊಳ್ಳುವುದೂ ಇದೇ ಸಿನಿಮಾದಲ್ಲಿ. ಕ್ಯಾಮೆರಾ ಆಫ್ ಮಾಡಲು ಮರೆತಾಗ ಲೆನ್ಸಿನ ಮುಚ್ಚಳ ದಾರದಲ್ಲಿ ನೇತಾಡಿದ್ದನ್ನೂ ಎಸೆಯದೆ, ಜಾಝ್ ಸಂಗೀತ ಹಾಕಿ ಮುಚ್ಚಳದ ಕುಣಿತ ಅಂತ ಸೇರಿಸಿಬಿಟ್ಟಿದ್ದಾರೆ.

ಸೋಲನ್ನೂ ಅವರು ಎಸೆಯಲಿಲ್ಲ. 1966ರಲ್ಲಿ ದೊಡ್ಡ ತಾರೆಯರನ್ನು ಹಾಕಿಕೊಂಡು ಮಾಡಿದ 'ಲೆ ಕ್ರೆಯಾತ್ಯೂರ್' ಮಕಾಡೆ ಮಲಗಿತ್ತು. ನಲವತ್ತು ವರ್ಷದ ಮೇಲೆ ಆ ಸಿನಿಮಾದ ಹಳೇ ಪ್ರಿಂಟುಗಳ ರೀಲು ಬಿಚ್ಚಿ, ಪಟ್ಟಿಗಳನ್ನು ಉದ್ದಕ್ಕೆ ನೇತುಹಾಕಿ, ಗೋಡೆ ಮಾಡಿ, ಒಂದು ಗುಡಿಸಲು ಕಟ್ಟಿದರು. ಅದಕ್ಕೆ 'ಸೋಲಿನ ಗುಡಿಸಲು' ಅಂತಲೇ ಹೆಸರಿಟ್ಟರು. ಒಳಗೆ ನಿಂತರೆ ಬೆಳಕು ಕತ್ರಿನ್ ದೆನವ್, ಮಿಶೆಲ್ ಪಿಕೊಲಿಯ ಸಣ್ಣ ಸಣ್ಣ ಮುಖಗಳ ಮೂಲಕ ಬರುತ್ತದೆ. ನಾನು ಅದನ್ನು ಅವರ 2008ರ ಆತ್ಮಕಥೆಯ ಸಿನಿಮಾದಲ್ಲಷ್ಟೇ ನೋಡಿದ್ದು. ಯಾವತ್ತಾದರೂ ಅಂಥ ಒಂದರೊಳಗೆ ನಿಲ್ಲಬೇಕು ಅನ್ನುವ ಆಸೆ ಇದೆ.

ಕೊನೆಯ ವರ್ಷಗಳಲ್ಲಿ ಅವರಿಗೆ ಹೆಸರು, ಪ್ರಶಸ್ತಿ ಎಲ್ಲ ಒಟ್ಟೊಟ್ಟಿಗೆ ಬಂತು. 2017ರಲ್ಲಿ ಗೌರವ ಆಸ್ಕರ್. ಅದೇ ವರ್ಷ ಜೆಆರ್ ಅನ್ನುವ ಯುವ ಕಲಾವಿದನ ಜೊತೆ ವ್ಯಾನಿನಲ್ಲಿ ಹಳ್ಳಿ ಹಳ್ಳಿ ಸುತ್ತಿ, ಅಲ್ಲಿನ ಜನರ ಫೋಟೊ ತೆಗೆದು ಅವರದೇ ಗೋಡೆಗಳ ಮೇಲೆ ಆಳೆತ್ತರಕ್ಕೂ ದೊಡ್ಡದಾಗಿ ಅಂಟಿಸಿದ 'ವಿಸಾಜ್ ವಿಲಾಜ್' ಬಂತು. ಆ ಹೊತ್ತಿಗೂ ಅವರು ಜನರಿಂದ ಸಣ್ಣ ಸಣ್ಣ ಮೊತ್ತ ಕೂಡಿಸಿ ಸಿನಿಮಾ ಶುರು ಮಾಡಬೇಕಾಯಿತು. ಎಲ್ಲರಿಗೂ ಅದು ಅಚ್ಚುಮೆಚ್ಚು. ನನಗೆ ಅದು ಸ್ವಲ್ಪ ಜಾಸ್ತಿಯೇ ಸಿಹಿ ಅನಿಸುತ್ತದೆ, ಆದರೆ ಕೆಡವಲಿರುವ ಗಣಿ ಕಾರ್ಮಿಕರ ಬೀದಿಯಲ್ಲಿ ಮನೆ ಬಿಡಲೊಪ್ಪದೆ ಒಬ್ಬಳೇ ಉಳಿದ ಹೆಂಗಸು ತನ್ನ ಗೋಡೆಯ ಮೇಲೆ ತನ್ನದೇ ಮುಖ ಕಂಡು ಮಾತು ಬರದೆ ನಿಲ್ಲುತ್ತಾಳಲ್ಲ, ಅಲ್ಲಿ ನಾನೂ ಅತ್ತಿದ್ದೇನೆ. 2019ರ ಮಾರ್ಚ್ 29ರಂದು ವಾರ್ದಾ ದಾಗೆರ್ ಬೀದಿಯ ಮನೆಯಲ್ಲಿ ತೀರಿಕೊಂಡರು. ತೊಂಬತ್ತು ವರ್ಷ.

ನಾನು ಆ ಆಫೀಸಿಗೆ ಹೋಗುವುದನ್ನು ಬಿಟ್ಟು ಒಂದೂವರೆ ವರ್ಷ ಆಯಿತು. ಫೋನಿನಲ್ಲೇ ಚಿತ್ರೀಕರಿಸುತ್ತಿದ್ದೇನೆ. ಮೈಕ್ ಮಾತ್ರ ಒಂದು ಒಳ್ಳೆಯದು ಕೊಂಡೆ. ಮಿಲ್ಲಿನ ಹಿರಿಯರು ಹೋದರು, ಆದರೆ ಅವರ ಹೆಂಡತಿ ಇದ್ದಾರೆ, ಅವರಿಗೆ ಹಿಂಡಿಯ ವಾಸನೆ ಗಂಡನ ಬಟ್ಟೆಯಿಂದ ಯಾವತ್ತೂ ಹೋಗುತ್ತಿರಲಿಲ್ಲ ಅನ್ನುವುದು ನೆನಪಿದೆ. ಅದನ್ನು ಹೇಳುವಾಗ ಅವರು ಸೆರಗನ್ನು ಮೂಗಿನ ಹತ್ತಿರ ತಂದುಕೊಂಡರು. ಆ ಶಾಟ್ ನನ್ನ ಹತ್ತಿರ ಇದೆ.

ಹೋದ ದೀಪಾವಳಿಗೆ ಊರಿಗೆ ಹೋದಾಗ ಅವ್ವನಿಗೆ ಹಕ್ಕಲಿನ ಸಿನಿಮಾ ತೋರಿಸಿದೆ. ಅಜ್ಜಿ ಇಲ್ಲ ಈಗ. ಅವ್ವನಿಗೆ ಫ್ರೆಂಚ್ ಬರುವುದಿಲ್ಲ, ಕೆಳಗಿನ ಇಂಗ್ಲಿಷ್ ಅಕ್ಷರವೂ ಓದಲು ಬರುವುದಿಲ್ಲ. ಪಕ್ಕದಲ್ಲಿ ಕೂತು ನಾನು ಹೇಳಲು ಶುರು ಮಾಡಿದೆ. ಸ್ವಲ್ಪ ಹೊತ್ತಿಗೆ ಅವ್ವ ಕೈ ಅಡ್ಡ ಹಿಡಿದು, "ನೀನು ಸುಮ್ಕಿರು, ಕಾಣುತ್ತೆ ನನಗೆ" ಅಂದಳು. ಆಲೂಗಡ್ಡೆ ಹೊಲದ ಭಾಗ ಬಂದಾಗ ಮುಂದಕ್ಕೆ ಬಾಗಿ ನೋಡಿದಳು. ಒಬ್ಬ ಹೆಂಗಸು ಒಣ ಮಣ್ಣಿನಿಂದ ಗಡ್ಡೆ ಎಳೆಯುತ್ತಿದ್ದಳು.

"ಅವಸರ ಮಾಡಿದ್ರು ಕಣೇ" ಅಂದಳು ಅವ್ವ. "ಒಂದು ಮಳೆ ಬೀಳೋ ತನಕ ತಡೀಬೇಕಿತ್ತು. ನಿಮ್ಮಜ್ಜಿ ಹಂಗೇ ಮಾಡೋಳು. ಮಣ್ಣು ತೊಳೆದು ಹೋಗಿ ಕಾಯಿ ತಾವಾಗೇ ಮೇಲೆ ಕಾಣ್ತಾವೆ."